ಹೆಬ್ಬೆಟ್ಟಿಗೂ ಮೊದಲಿನ ಒಂದು ಸಾಲು

ಎಳ್ಳಮವಾಸ್ಯೆ ಕಳೆದು ನಾಲ್ಕು ದಿನವಾಗಿತ್ತು. ಕಮಠಾಣದ ಕೆರೆಯ ಮೇಲಿನ ಮಂಜು ಇನ್ನೂ ಹರಿದಿರಲಿಲ್ಲ. ದಾರಿಯ ಎಡಬಲದ ಹೊಲಗಳಲ್ಲಿ ಹಬ್ಬಕ್ಕೆಂದು ಜೋಳದ ದಂಟಿನಿಂದ ಕಟ್ಟಿದ ಕೊಂಪಿಗಳು ಹಾಗೇ ನಿಂತಿದ್ದವು. ಒಳಗೆ ಸುಣ್ಣ ಬಳಿದುಕೊಂಡ ಐದು ಕಲ್ಲಿನ ಪಾಂಡವರು, ಅವರ ಮುಂದೆ ಒಣಗಿದ ಭಜ್ಜಿಯ ಕರೆ. ತೊಗರಿ ಕಾಯಿ ಬಲಿತು ಕಟಾವಿಗೆ ಬಂದಿತ್ತು. ಕಡಲೆ ಹೂ ಬಿಟ್ಟಿತ್ತು. ಬೀದರಿಗೆ ಹೋಗುವ ಬೆಳಗಿನ ಬಸ್ಸಿಗಾಗಿ ಹತ್ತಿಪ್ಪತ್ತು ಜನ ಶಾಲು ಹೊದ್ದು, ಚಾ ಅಂಗಡಿಯ ಒಲೆಗೆ ಹತ್ತಿರ ಹತ್ತಿರ ಸರಿಯುತ್ತ ನಿಂತಿದ್ದರು.

ಅವರ ನಡುವೆ ಒಬ್ಬ ಮುತ್ಯಾ. ತೊಳೆದ ಧೋತ್ರ, ಇಸ್ತ್ರಿ ಮಾಡಿದ ಬಿಳಿ ಅಂಗಿ, ತಲೆಗೆ ಹೊಸದಾಗಿ ಸುತ್ತಿದ ರುಮಾಲು. ಮದುವೆಗೆ ಹೊರಟವರ ಹಾಗೆ ಕಾಣುತ್ತಿದ್ದ. ಆದರೆ ಕಂಕುಳಲ್ಲಿ ಬೀಜದ ಕಂಪನಿಯ ಹೆಸರು ಅಚ್ಚಾದ ಪ್ಲಾಸ್ಟಿಕ್ ಚೀಲ ಅವುಚಿಕೊಂಡಿದ್ದ. ಕೈಗೂಸನ್ನು ಹಿಡಿದ ಹಾಗೆ ಹಿಡಿದಿದ್ದ. ನಾಲ್ಕು ಹೆಜ್ಜೆ ಹಿಂದೆ ಮಗ, ನಲವತ್ತರ ಆಸುಪಾಸಿನವನು, ಫೋನಿನಲ್ಲಿ ಯಾರಿಗೋ ‘ಹೊಂಟೀವಿ, ಹತ್ತಕ್ಕ ಅಲ್ಲೇ ಇರ್ತೀವಿ’ ಎನ್ನುತ್ತಿದ್ದ.

‘ಎಲ್ಲಿಗಿ ಹೊಂಟಿ ಮುತ್ಯಾ, ಇಷ್ಟ ಮುಂಜಾನಿ?’ ಚಾ ಅಂಗಡಿಯವನು ಕೇಳಿದ.

‘ಬೀದರಕ್ಕ. ಹೊಲ ಹುಡುಗನ ಹೆಸರಿಗಿ ಮಾಡ್ಲತೀನಿ.’

ನಿಂತವರಲ್ಲಿ ಒಂದಿಬ್ಬರು ತಲೆ ಆಡಿಸಿದರು. ಛಲೋ ಆಯ್ತು, ಇದ್ದಾಗಲೇ ಮಾಡಿಬಿಡಬೇಕು ಎಂದರು. ಒಬ್ಬಳು ಅಜ್ಜಿ ಮಾತ್ರ ಏನೂ ಅನ್ನದೆ ಸೆರಗು ಬಾಯಿಗೆ ಹಿಡಿದು ಮುತ್ಯಾನ ಮುಖವನ್ನೇ ನೋಡುತ್ತಿದ್ದಳು. ಆ ನೋಟ ನನಗೆ ಗೊತ್ತು. ನಮ್ಮ ಮನೆಯಲ್ಲಿ ಅಂಥದೇ ಎರಡು ಕಣ್ಣುಗಳು ಏಳು ವರ್ಷ ಪಡಸಾಲೆಯ ಮೂಲೆಯಿಂದ ಬಾಗಿಲನ್ನು ನೋಡುತ್ತ ಕೂತಿದ್ದವು.

ಬಸ್ಸಿನಲ್ಲಿ ಮುತ್ಯಾನ ಪಕ್ಕದಲ್ಲಿ ಜಾಗ ಸಿಕ್ಕಿತು. ನನ್ನ ಕೈಲಿದ್ದ ದಿನಪತ್ರಿಕೆ ನೋಡಿ, ‘ತಮ್ಮಾ, ನಿನಗ ಓದಾಕ ಬರ್ತದಲ್ಲ, ಇದೊಂದಿಷ್ಟ ನೋಡು, ಎಲ್ಲಾ ಬರೋಬರಿ ಅದಾನ?’ ಎಂದು ಚೀಲ ಬಿಚ್ಚಿದ.

ಆ ಚೀಲದಲ್ಲಿ ಒಂದು ಜೀವಮಾನವಿತ್ತು. ಎಲ್ಲಕ್ಕಿಂತ ಕೆಳಗೆ, ಮಡಿಕೆ ಮಡಿಕೆಯಲ್ಲೂ ಹರಿದು ಪಾರದರ್ಶಕ ಟೇಪು ಹಚ್ಚಿಸಿಕೊಂಡ ಉರ್ದು ಕಾಗದ. ಅದು ಖಾಸ್ರಾ ಪಹಣಿಯ ನಕಲು. ಬೀದರ್ ಸೀಮೆ 1948ರ ಸೆಪ್ಟೆಂಬರ್ 17ರವರೆಗೆ ನಿಜಾಮರ ಹೈದರಾಬಾದಿನಲ್ಲಿತ್ತು. ಆಮೇಲೂ 1956ರ ನವೆಂಬರ್ 1ಕ್ಕೆ ಮೈಸೂರು ರಾಜ್ಯ ಸೇರುವ ತನಕ ಹೈದರಾಬಾದ್ ರಾಜ್ಯದ್ದೇ ಜಿಲ್ಲೆ. ಹಾಗಾಗಿ ನಮ್ಮ ಕಡೆ ಹೊಲದ ಬೇರು ಹುಡುಕುತ್ತ ಹೋದರೆ ಕೊನೆಗೆ ಮುಟ್ಟುವುದು 1954-55ರ ಖಾಸ್ರಾ ಪಹಣಿಯನ್ನೇ. ಕನ್ನಡ ಮಾತಾಡುವ ರೈತನ ಹೊಲ ಉರ್ದು ಅಕ್ಷರದಲ್ಲಿ ಸಂದೂಕಿನೊಳಗೆ ಮಲಗಿರುತ್ತದೆ. ಮನೆಯವರಾರಿಗೂ ಓದಲು ಬರದಿದ್ದರೂ ಅದನ್ನು ದೀಪಾವಳಿಗೊಮ್ಮೆ ತೆಗೆದು ಕುಂಕುಮ ಹಚ್ಚಿ ಒಳಗಿಡುತ್ತಾರೆ. ಅದರ ಮೇಲೆ ಖರೀದಿ ಪತ್ರ, ಅದರ ಮೇಲೆ ಕಂದಾಯದ ರಸೀದಿಗಳು, ಎಲ್ಲಕ್ಕೂ ಮೇಲೆ ನಾಡ ಕಚೇರಿಯಿಂದ ಮೊನ್ನೆ ತಂದ ಕಂಪ್ಯೂಟರ್ ಪಹಣಿ.

‘ಹಿರೀಕರ ಹೊಲ ಅಣ್ಣತಮ್ಮರ ವಾಟ್ನಿಯಾಗ ಹೋಯ್ತು. ಇದು ಮೂರ ಎಕರೆ ಇಪ್ಪತ್ತ ಗುಂಟೆ ನಾನೇ ಕೊಂಡಿದ್ದು. ಮುದುಕಿ ಬೋರಮಾಳ ಮಾರಿ ಕೊಂಡಿದ್ದು’ ಎಂದ. ‘ಬೋರಮಾಳ’ ಎನ್ನುವಾಗ ಅವನ ಬಲಗೈ ತಾನಾಗಿ ಕೊರಳಿಗೆ ಹೋಯಿತು.

ಈಗ್ಯಾಕೆ ಕೊಡುವುದು ಎಂದು ಕೇಳಿದೆ. ಕಾರಣಗಳನ್ನು ಬೆರಳು ಮಡಚಿ ಎಣಿಸಿದ. ಸೊಸೈಟಿಗೆ ಬೆಳೆಸಾಲ ಕೇಳಲು ಹೋದರೆ ಮಗನಿಗೆ ‘ಪಹಣಿ ನಿನ್ನ ಹೆಸರಿಗಿಲ್ಲ’ ಎನ್ನುತ್ತಾರೆ. ಬೆಳೆ ವಿಮೆಯೂ ಹಾಗೇ, ಟ್ರ್ಯಾಕ್ಟರ್ ಸಾಲವೂ ಹಾಗೇ. ಪ್ರತಿ ಸಲ ಮೊಣಕಾಲು ನೋವಿನ ಅಪ್ಪನನ್ನು ಮೋಟರ್ ಸೈಕಲ್ ಮೇಲೆ ಕೂರಿಸಿಕೊಂಡು ಹೋಗಬೇಕು. ಇನ್ನೊಂದು ಕಾರಣವನ್ನು ಧ್ವನಿ ತಗ್ಗಿಸಿ ಹೇಳಿದ. ಅಪ್ಪ ತೀರಿದ ಮೇಲೆ ಪೌತಿ ಮಾಡಿಸಲು ವರ್ಷಗಟ್ಟಲೆ ಅಲೆದವರನ್ನು ಊರಲ್ಲಿ ಕಂಡಿದ್ದಾನೆ. ಸತ್ತವರ ಹೆಸರಿನಲ್ಲೇ ಉಳಿದ ಪಹಣಿಗಳು ರಾಜ್ಯದಲ್ಲಿ ಎಷ್ಟಿವೆಯೆಂದರೆ 2025ರಲ್ಲಿ ಸರ್ಕಾರ ಇ-ಪೌತಿ ಎಂಬ ಆಂದೋಲನವನ್ನೇ ಹೂಡಬೇಕಾಯಿತು. ‘ನಾ ಹೋದಮ್ಯಾಲ ಹುಡುಗ ತಿರುಗ್ಯಾಡಬಾರ್ದು’ ಎಂಬುದು ಮುತ್ಯಾನ ಲೆಕ್ಕ. ಎರಡು ಹೆಣ್ಣುಮಕ್ಕಳು ಭಾಲ್ಕಿ ಕಡೆಗೊಬ್ಬಳು, ಔರಾದ್ ಕಡೆಗೊಬ್ಬಳು. ಅವರೇನೆಂದರು? ‘ಹೊಲ ಬ್ಯಾಡ, ತವರು ಇರ್ಲಿ ಅಂದ್ರು’ ಎಂದು ಮುತ್ಯಾ ಕಿಟಕಿಯಾಚೆ ನೋಡಿದ.

ಚೀಲದ ಬಾಯಲ್ಲೇ ಇನ್ನೊಂದು ಕಾಗದವಿತ್ತು, ಬಾಂಡ್ ರೈಟರ್ ಮೊದಲೇ ಮಾಡಿಕೊಟ್ಟ ದಾನಪತ್ರದ ಕರಡು. ನಮ್ಮ ಕಡೆಯ ಹಳಬರು ಇದನ್ನು ಬಕ್ಷೀಸ್ ಪತ್ರ ಎನ್ನುತ್ತಾರೆ. ಓದಿದೆ. ‘ನಾನು ನನ್ನ ಸ್ವಸಂತೋಷದಿಂದ, ಯಾರ ಒತ್ತಾಯವೂ ಇಲ್ಲದೆ, ನಿಮ್ಮ ಮೇಲಿನ ಪ್ರೀತಿ ವಿಶ್ವಾಸದಿಂದ’ ಎಂದು ಶುರು. ಆಮೇಲೆ ಸರ್ವೆ ನಂಬರು, ಕ್ಷೇತ್ರ, ಆಕಾರ. ಆಮೇಲೆ ಚಕ್ಕುಬಂದಿ: ಪೂರ್ವಕ್ಕೆ ಇಂಥವರ ಹೊಲ, ಪಶ್ಚಿಮಕ್ಕೆ ಹಳ್ಳ, ಉತ್ತರಕ್ಕೆ ಬಂಡಿದಾರಿ, ದಕ್ಷಿಣಕ್ಕೆ ಇಂಥವರ ಹೊಲ. ಕೊನೆಗೆ, ‘ಇಂದಿನಿಂದ ಸದರಿ ಆಸ್ತಿಯ ಮೇಲೆ ನನಗೆ ಯಾವುದೇ ಹಕ್ಕು ಇರುವುದಿಲ್ಲ.’

ಎರಡು ಸಲ ಓದಿದೆ. ಹೊಲಕ್ಕೆ ನಾಲ್ಕು ದಿಕ್ಕಿನ ಚಕ್ಕುಬಂದಿ ಇತ್ತು. ಕೊಟ್ಟವನ ಊಟಕ್ಕೆ, ಔಷಧಕ್ಕೆ, ರಾತ್ರಿ ಮಲಗುವ ಹೊರಸಿಗೆ ಒಂದು ದಿಕ್ಕೂ ಇರಲಿಲ್ಲ.

ನಮ್ಮ ಮನೆಯ ಪಡಸಾಲೆಯ ಮೂಲೆಯಲ್ಲಿ ಕೂತಿದ್ದವಳು ನನ್ನ ಆಯಿಯ ತಂಗಿ. ನಾವು ಸಣ್ಣಾಯಿ ಎನ್ನುತ್ತಿದ್ದೆವು. ಔರಾದ್ ಕಡೆಯ ಹಳ್ಳಿಗೆ ಕೊಟ್ಟಿದ್ದರು. ಮಕ್ಕಳಾಗಲಿಲ್ಲ, ಗಂಡ ಬೇಗ ಹೋದ. ಗಂಡನ ಅಣ್ಣನ ಮಗನನ್ನು ಎತ್ತಿ ಆಡಿಸಿ ಬೆಳೆಸಿದಳು. ಅವನ ಮದುವೆಯ ವರ್ಷ ಹೊಲ, ಮನೆ ಎರಡನ್ನೂ ಅವನಿಗೆ ಬರೆದುಕೊಟ್ಟಳು. ಅವತ್ತು ಊರಿಗೆಲ್ಲ ಹೋಳಿಗೆ ಊಟ. ಮುಂದಿನ ಎಳ್ಳಮವಾಸ್ಯೆಯಲ್ಲಿ ಚರಗ ಚೆಲ್ಲಲು ಸಣ್ಣಾಯಿ ಎಂದಿನಂತೆ ಬುಟ್ಟಿ ಎತ್ತಿಕೊಂಡಾಗ ಮನೆಯವರು ಆ ಬುಟ್ಟಿಯನ್ನು ಕೈಯಿಂದ ಇಸಿದುಕೊಂಡರಂತೆ. ‘ಅತ್ತೀ, ನೀ ಕೂಡ್ರು, ನಾವ್ ಚೆಲ್ತೀವಿ.’ ಮಾತು ಮೆತ್ತಗೇ ಇತ್ತು. ‘ಆವತ್ತೇ ನನಗ ತಿಳೀತು, ಹೊಲ ನಂದಲ್ಲ ಅಂತ’ ಎಂದು ಅವಳು ಆಮೇಲೆ ನಮಗೆ ಹೇಳುತ್ತಿದ್ದಳು.

ಹೊರಸು ಹೇಗೆ ನಡೆಯುತ್ತದೆ ಎಂಬುದನ್ನು ಸಣ್ಣಾಯಿಯ ಬದುಕಿನಿಂದ ಕಲಿತೆ. ಮೊದಲ ವರ್ಷ ಅದು ನಡುಮನೆಯಲ್ಲಿತ್ತು. ಮಗು ಹುಟ್ಟಿತು, ಜಾಗ ಸಾಲದು ಎಂದು ಪಡಸಾಲೆಗೆ ಬಂತು. ಬೀಗರು ಬರುತ್ತಾರೆಂದು ಹೊರಗಿನ ಕಟ್ಟೆಗೆ ಹೋಯಿತು. ಮಳೆಗಾಲ ಬಂದಾಗ ದನದ ಕೊಟ್ಟಿಗೆಯ ಸೂರಿನಡಿಗೆ ಸರಿಯಿತು. ಒಂದೊಂದು ಸಲವೂ ಒಂದೊಂದು ಕಾರಣವಿತ್ತು, ಆ ಕಾರಣ ಕೇಳಿದರೆ ಸರಿ ಎನಿಸುವಂತೆಯೂ ಇತ್ತು. ಬೈಗುಳವಿರಲಿಲ್ಲ, ಹೊಡೆತವಿರಲಿಲ್ಲ. ರೊಟ್ಟಿ ಮಾತ್ರ ತಡವಾಗುತ್ತ ಬಂತು. ಒಂದು ದಿನ ನಮ್ಮ ಮನೆಯ ಬಾಗಿಲಿಗೆ ಬಂದು ನಿಂತಾಗ ಅವಳ ಕೈಲಿ ಇದ್ದದ್ದು ಒಂದು ತಾಮ್ರದ ಚರಗಿ, ತಾನೇ ಹೊಲಿದ ಒಂದು ಕೌದಿ.

ತಿಳಿದವರು ಅರ್ಜಿ ಕೊಡು ಎಂದರು. ಪತ್ರ ತರಿಸಿ ನೋಡಿದರೆ ಅದರಲ್ಲೂ ಅದೇ ಮಾತು, ‘ಪ್ರೀತಿ ವಿಶ್ವಾಸದಿಂದ’. ನೋಡಿಕೊಳ್ಳುವ ಮಾತಿನ ಒಂದಕ್ಷರವೂ ಇರಲಿಲ್ಲ. ‘ಬರೀಲಿಲ್ಲ ಖರೇ, ಅಂವ ದೇವರ ಮುಂದ ಹೇಳಿದ್ದ’ ಎಂದಳು. ಆಮೇಲೆ, ‘ನಾನೇ ಕೊಟ್ಟೀನಿ, ನಾನೇ ಹ್ಯಾಂಗ ಬೇಡ್ಲಿ?’ ಎಂದು ಮುಖ ತಿರುಗಿಸಿಕೊಂಡಳು. ಮತ್ತೆ ಆ ಮಾತು ಎತ್ತಲು ಬಿಡಲಿಲ್ಲ. ಏಳು ವರ್ಷ ನಮ್ಮೊಡನಿದ್ದು ತೀರಿಕೊಂಡಳು. ನನಗೆ ಕಾಯ್ದೆಯ ಗೀಳು ಹಿಡಿದದ್ದು ಅವಳಿಂದ.

ಬಸ್ಸು ನಂದಿನಗರದ ಪಶುವೈದ್ಯಕೀಯ ವಿಶ್ವವಿದ್ಯಾಲಯ ದಾಟುವಷ್ಟರಲ್ಲಿ ನಾನು ಮುತ್ಯಾನಿಗೆ ಒಂದೇ ಮಾತು ಹೇಳಿದೆ: ‘ಮುತ್ಯಾ, ಇದರಾಗ ಒಂದು ಸಾಲು ಕಡಿಮಿ ಅದ.’

ಬೀದರಿನ ನೋಂದಣಿ ಕಚೇರಿಯ ಸುತ್ತಮುತ್ತ ಬಾಂಡ್ ರೈಟರ್‌ಗಳ ಸಾಲು ಹತ್ತು ಗಂಟೆಗೇ ಕಳೆಗಟ್ಟಿರುತ್ತದೆ. ಒಂದು ಮೇಜು, ಒಂದು ಕಂಪ್ಯೂಟರು, ಒಂದು ಪ್ರಿಂಟರು, ಮೇಲೆ ತಗಡು. ಜೆರಾಕ್ಸಿನ ಬಿಸಿ ವಾಸನೆ, ಅದರೊಳಗೆ ಬೆರೆತ ಅಡಿಕೆ ಎಲೆಯ ವಾಸನೆ. ಪಕ್ಕದ ಮೇಜಿನಲ್ಲಿ ಒಬ್ಬ ಚಾಚಾ ತಮ್ಮ ಇಬ್ಬರು ಮಕ್ಕಳಿಗೆ ಮನೆ ಹಿಬಾ ಮಾಡಲು ಕೂತಿದ್ದರು. ಅವರ ಧರ್ಮಶಾಸ್ತ್ರದಲ್ಲಿ ಹಿಬಾಕ್ಕೆ ಮೂರು ಮೆಟ್ಟಿಲು: ಕೊಡುತ್ತೇನೆಂದು ಸಾರುವುದು, ಪಡೆದವನು ಒಪ್ಪುವುದು, ವಸ್ತುವನ್ನು ಅವನ ಸ್ವಾಧೀನಕ್ಕೆ ಬಿಡುವುದು. ಹಿಬಾ ಆಗಲಿ ದಾನಪತ್ರವಾಗಲಿ, ಕೊಡುವ ಕೈ ನಡುಗುವುದು ಒಂದೇ ತರ. ಹಿರಿಯರನ್ನು ಕಾಯುವ 2007ರ ಕಾಯ್ದೆಗೂ ಜಾತಿ ಧರ್ಮದ ಭೇದವಿಲ್ಲ.

ನಮ್ಮ ಬಾಂಡ್ ರೈಟರ್ ಅರವತ್ತು ದಾಟಿದ ಹಿರಿಯ. ದಪ್ಪ ಕನ್ನಡಕ. ಮೊದಲು ಕೈಬರಹದಲ್ಲಿ ಎಷ್ಟೋ ಪತ್ರ ಬರೆದಿದ್ದಕ್ಕೆ ಸಾಕ್ಷಿಯಾಗಿ ನಡುಬೆರಳಿನ ಮೇಲೆ ಗಂಟು. ಕರಡನ್ನು ಅವರ ಮುಂದಿಟ್ಟು, ನೋಡಿಕೊಳ್ಳುವ ಮಾತನ್ನೂ ಇದರಲ್ಲಿ ಬರೆಯಬಹುದೇ ಎಂದು ಕೇಳಿದೆ. ಅವರು ನನ್ನನ್ನು ನೋಡಲಿಲ್ಲ, ಮುತ್ಯಾನ ಮಗನನ್ನು ನೋಡಿದರು.

‘ಬರೀಬಹುದು. ಕೇಳಿದ್ರ ಬರೀತೀವಿ. ಭಾಳ ಮಂದಿ ಕೇಳಂಗಿಲ್ಲ.’

ಈ ‘ಕೇಳಂಗಿಲ್ಲ’ದಲ್ಲೇ ಇಡೀ ಸಂಕಟವಿದೆ. ‘ತಂದೆತಾಯಿ ಮತ್ತು ಹಿರಿಯ ನಾಗರಿಕರ ಪೋಷಣೆ ಹಾಗೂ ಕಲ್ಯಾಣ ಕಾಯ್ದೆ, 2007’ರ 23ನೇ ಕಲಮು ಅರವತ್ತು ತುಂಬಿದವರ ಕೈಗೆ ದೊಡ್ಡ ಅಸ್ತ್ರವನ್ನೇ ಕೊಟ್ಟಿದೆ. ಹಿರಿಯರೊಬ್ಬರು ಆಸ್ತಿಯನ್ನು ದಾನವಾಗಿಯೋ ಬೇರೆ ರೀತಿಯಲ್ಲೋ ಕೊಟ್ಟು, ಪಡೆದವನು ತಮ್ಮ ಮೂಲಭೂತ ಅಗತ್ಯಗಳನ್ನು ನೋಡಿಕೊಳ್ಳಬೇಕು ಎಂಬ ಷರತ್ತು ಹಾಕಿದ್ದರೆ, ಅವನು ಆ ಮಾತಿಗೆ ತಪ್ಪಿದರೆ, ಆ ವರ್ಗಾವಣೆ ಮೋಸದಿಂದಲೋ ಒತ್ತಾಯದಿಂದಲೋ ಆದದ್ದು ಎಂದು ಕಾಯ್ದೆ ಭಾವಿಸುತ್ತದೆ. ಕೊಟ್ಟವರು ಬಯಸಿದರೆ ನ್ಯಾಯಮಂಡಳಿ ಅದನ್ನು ರದ್ದುಮಾಡಬಹುದು.

ಎಲ್ಲವೂ ನಿಂತಿರುವುದು ಆ ‘ಷರತ್ತು’ ಎಂಬ ಮಾತಿನ ಮೇಲೆ. 2022ರ ಡಿಸೆಂಬರ್ 6ರಂದು ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿಗಳಾದ ಸಂಜಯ್ ಕಿಶನ್ ಕೌಲ್ ಮತ್ತು ಅಭಯ್ ಓಕಾ ಅವರ ಪೀಠ ಹರಿಯಾಣದ ಒಬ್ಬ ತಾಯಿಯ ಪ್ರಕರಣದಲ್ಲಿ ಇದನ್ನೇ ಒತ್ತಿ ಹೇಳಿತು. ಹೆತ್ತವರು ಮಕ್ಕಳಿಗೆ ಆಸ್ತಿ ಕೊಡುವಾಗ ನೋಡಿಕೊಳ್ಳಲಿ ಎಂಬ ಷರತ್ತು ಯಾವಾಗಲೂ ಇದ್ದೇ ಇರುತ್ತದೆ ಎಂದು ಹೇಳಲಾಗದು, ಪ್ರೀತಿಯಿಂದ ಏನನ್ನೂ ಬಯಸದೆ ಕೊಡುವವರೂ ಇದ್ದಾರೆ, ಷರತ್ತು ಇತ್ತೆಂದಾದರೆ ಅದನ್ನು ನ್ಯಾಯಮಂಡಳಿಯ ಮುಂದೆ ತೋರಿಸಬೇಕು ಎಂಬುದು ಆ ತೀರ್ಪಿನ ಸಾರ. ದೇವರ ಮುಂದೆ ಆಡಿದ ಮಾತಿಗೆ ದೇವರು ಸಾಕ್ಷಿ ನಿಂತರೂ ಕಚೇರಿಗೆ ಬರುವುದಿಲ್ಲ.

ಎರಡು ವರ್ಷದ ಮೇಲೆ, 2025ರ ಜನವರಿ 2ರಂದು, ಅದೇ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿಗಳಾದ ಸಿ.ಟಿ. ರವಿಕುಮಾರ್ ಮತ್ತು ಸಂಜಯ್ ಕರೋಲ್ ಅವರ ಪೀಠ ಮಧ್ಯಪ್ರದೇಶದ ಛತರ್‌ಪುರದ ಒಬ್ಬ ತಾಯಿಗೆ ಅವಳ ಆಸ್ತಿಯನ್ನು ಮರಳಿಸಿತು. ಅವಳು 2019ರ ಸೆಪ್ಟೆಂಬರಿನಲ್ಲಿ ಮಗನಿಗೆ ದಾನಪತ್ರ ಮಾಡಿಕೊಟ್ಟಿದ್ದಳು. ಜೊತೆಗೆ, ತಾಯಿಯನ್ನು ನೋಡಿಕೊಳ್ಳುತ್ತೇನೆ, ತಪ್ಪಿದರೆ ಅವಳು ಪತ್ರ ವಾಪಸು ಪಡೆಯಬಹುದು ಎಂಬ ವಚನ ಪತ್ರವಿತ್ತು. ಹಿರಿಯರಿಗೆ ನೆರವಾಗಲೆಂದೇ ಹುಟ್ಟಿದ ಕಾಯ್ದೆಯನ್ನು ಉದಾರವಾಗಿ ಓದಬೇಕು, ಅಗತ್ಯ ಬಿದ್ದರೆ ನ್ಯಾಯಮಂಡಳಿ ಸ್ವಾಧೀನವನ್ನೂ ಬಿಡಿಸಿ ಕೊಡಬಹುದು ಎಂದು ಪೀಠ ಹೇಳಿತು. ಫೆಬ್ರುವರಿ 28ರೊಳಗೆ ಆಸ್ತಿ ತಾಯಿಯ ಕೈಸೇರಬೇಕೆಂದು ಆದೇಶವಾಯಿತು. ಆ ತಾಯಿಯನ್ನು ಕಾಯ್ದದ್ದು ಒಂದು ಹಾಳೆ. ನನ್ನ ಸಣ್ಣಾಯಿಯ ಬಳಿ ಅಂಥದೊಂದು ಹಾಳೆ ಇರಲಿಲ್ಲ.

ಇಷ್ಟನ್ನೂ ಬಾಂಡ್ ರೈಟರ್ ನನಗಿಂತ ಚೊಕ್ಕವಾಗಿ ಮುತ್ಯಾನಿಗೆ ತಿಳಿಸಿದರು. ಬೇರೆ ದಾರಿಗಳನ್ನೂ ಹೇಳಿದರು. ಮೃತ್ಯುಪತ್ರ ಬರೆದರೆ ಹೊಲ ಕಣ್ಣು ಮುಚ್ಚುವ ತನಕ ನಿನ್ನದೇ, ಮನಸ್ಸು ಬದಲಾದರೆ ಬದಲಿಸಬಹುದು. ಇಬ್ಬರು ಸಾಕ್ಷಿ ಸಾಕು, ನೋಂದಣಿ ಕಡ್ಡಾಯವಲ್ಲ, ಮಾಡಿಸಿದರೆ ಒಳ್ಳೆಯದು. ಆದರೆ ಅದರಿಂದ ಈಗ ಮಗನಿಗೆ ಸೊಸೈಟಿ ಸಾಲ ಸಿಗುವುದಿಲ್ಲ. ದಾನಪತ್ರದಲ್ಲೇ ಜೀವಿತಾವಧಿಯವರೆಗೆ ಅನುಭೋಗದ ಹಕ್ಕು ಇಟ್ಟುಕೊಳ್ಳಬಹುದು. ಅರ್ಧ ಹೊಲ ಈಗ, ಅರ್ಧ ಆಮೇಲೆ ಕೊಡಬಹುದು. ಅದಕ್ಕೆ ಮೊದಲು 11ಇ ನಕ್ಷೆ ಆಗಬೇಕು. ಹಿರೀಕರ ಹೊಲವಾಗಿದ್ದರೆ ಮಾತೇ ಬೇರೆ. ಅದರಲ್ಲಿ 2005ರ ತಿದ್ದುಪಡಿಯ ಮೇಲೆ ಹೆಣ್ಣುಮಕ್ಕಳಿಗೂ ಗಂಡುಮಕ್ಕಳಷ್ಟೇ ಪಾಲು, ಅಪ್ಪನೊಬ್ಬನೇ ದಾನ ಮಾಡಲು ಬರುವುದಿಲ್ಲ. ನೀನೇ ಕೊಂಡ ಹೊಲ ಆದದ್ದಕ್ಕೆ ನಿನ್ನ ಮಾತೇ ಕಡೆಯದು.

ಮಗ ಅಷ್ಟು ಹೊತ್ತು ಗೋಡೆಗೆ ಒರಗಿ ಚಪ್ಪಲಿಯ ತುದಿಯಿಂದ ನೆಲ ಕೆದರುತ್ತಿದ್ದ. ತಲೆ ಎತ್ತಿದಾಗ ಮುಖ ಕೆಂಪಾಗಿತ್ತು.

‘ಅಂದ್ರ ನನ್ನ ಮ್ಯಾಲ ಭರೋಸಾ ಇಲ್ಲೇನು? ಅಪ್ಪಾ, ನಿನಗಾರ ಅನ್ನಿಸ್ತದೇನು ಹಂಗ?’

ಮುತ್ಯಾ ಉತ್ತರ ಕೊಡಲಿಲ್ಲ. ರುಮಾಲು ಬಿಚ್ಚಿ ಮತ್ತೆ ಸುತ್ತಿಕೊಳ್ಳತೊಡಗಿದ. ನಾನು ಹೇಳಬಾರದ್ದನ್ನು ಹೇಳಿದೆನೇನೋ ಎನಿಸಿ ಸಣ್ಣವನಾದೆ. ಆಗ ಬಾಂಡ್ ರೈಟರ್ ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು.

‘ತಮ್ಮಾ, ಭರೋಸಾ ಇದ್ದಲ್ಲೇ ಇದನ್ನ ಬರೀಬೇಕು. ಭರೋಸಾ ಇಲ್ದಲ್ಲಿ ಹೊಲ ಕೊಡೋದೇ ಬ್ಯಾಡ ಅಂತೀನಿ ನಾ. ನೀ ನೋಡ್ಕೋತಿ ಅಂದ್ರ ಈ ಸಾಲು ನಿನಗೇನು ಮಾಡ್ತದ? ಏನೂ ಮಾಡಂಗಿಲ್ಲ. ನೀ ನಾಳಿ ಇರ್ತಿಯೋ ಇಲ್ಲೋ ಯಾರಿಗಿ ಗೊತ್ತು. ಹೊಲ ನಿನ್ನ ಕೈಯಿಂದ ಇನ್ನೊಬ್ಬರ ಕೈಗಿ ಹೋದ್ರ ನಿನ್ನ ಅಪ್ಪ ಅವ್ವ ಎಲ್ಲಿಗಿ ಹೋಗ್ಬೇಕು? ಊಟ ಮಾಡಿ ಬರ್ರಿ. ಆಮ್ಯಾಲ ಹೇಳ್ರಿ.’

ಆ ಬಿಡುವಿನಲ್ಲಿ ನಾನು ನನ್ನ ಕೆಲಸಕ್ಕೆ ಉಪವಿಭಾಗಾಧಿಕಾರಿಗಳ ಕಚೇರಿಯ ಕಡೆ ಹೋದೆ. ಜನ ‘ಎಸಿ ಕೋರ್ಟು’ ಎನ್ನುವುದು ಇದನ್ನೇ. 2007ರ ಕಾಯ್ದೆಯ ನ್ಯಾಯಮಂಡಳಿ ನಡೆಯುವುದು ಈ ಅಧಿಕಾರಿಯ ಮುಂದೆ. ಹೊಲದ ತಕರಾರು, ದಾರಿಯ ತಕರಾರುಗಳ ನಡುವೆ ಹಿರಿಯರ ಅರ್ಜಿಗಳೂ ಕರೆಗೆ ಬರುತ್ತವೆ. ಹೊರಗಿನ ಬೆಂಚಿನ ಮೇಲೆ ಕೂತ ಹಿರಿಯರನ್ನು ನೋಡಿದೊಡನೆ ಯಾರು ಯಾವ ಕೆಲಸಕ್ಕೆ ಬಂದಿದ್ದಾರೆಂದು ಹೇಳಬಹುದು. ಹೊಲದ ದಾವೆಗೆ ಬಂದವರು ಗಟ್ಟಿಯಾಗಿ ಮಾತಾಡುತ್ತಿರುತ್ತಾರೆ. ಮಕ್ಕಳ ಮೇಲೆ ಅರ್ಜಿ ಕೊಟ್ಟವರು ನೆಲ ನೋಡುತ್ತಿರುತ್ತಾರೆ. ಪರಿಚಿತರು ಕಂಡರೆ ‘ಪೆನ್ಶನ್ ಕೆಲಸಕ್ಕ ಬಂದೀನಿ’ ಎನ್ನುತ್ತಾರೆ. ತಪ್ಪು ಮಾಡಿದವರು ಮನೆಯಲ್ಲಿರುತ್ತಾರೆ, ನಾಚಿಕೆಯನ್ನು ಇವರು ಹೊತ್ತು ತಂದಿರುತ್ತಾರೆ. ಈ ನಾಚಿಕೆ ಇಳಿಯುವವರೆಗೆ ಎಂಥ ಕಾಯ್ದೆಯೂ ಅರ್ಧವೇ.

ಆದರೂ ದಾರಿ ಇದೆ, ಅದನ್ನು ಊರೂರಿಗೆ ಹೇಳಬೇಕು. ಅರ್ಜಿಯನ್ನು ಹಿರಿಯರೇ ಕೊಡಬಹುದು. ಆಗದಿದ್ದರೆ ಅವರು ನೇಮಿಸಿದ ಯಾರಾದರೂ, ಒಂದು ಸಂಸ್ಥೆಯಾದರೂ ಕೊಡಬಹುದು. ನ್ಯಾಯಮಂಡಳಿಯೇ ತಾನಾಗಿ ಕೈಗೆತ್ತಿಕೊಳ್ಳಲೂಬಹುದು. ಮೊದಲು ರಾಜಿಗೆ ಕೂರಿಸಬಹುದು. ನೋಟಿಸು ಮುಟ್ಟಿದ 90 ದಿನಗಳಲ್ಲಿ ಜೀವನಾಂಶದ ತೀರ್ಮಾನವಾಗಬೇಕು, ವಿಶೇಷ ಕಾರಣವಿದ್ದರೆ ಇನ್ನು 30 ದಿನ. ತಿಂಗಳಿಗೆ ಹೆಚ್ಚೆಂದರೆ 10,000 ರೂಪಾಯಿ ಎಂಬ ಮಿತಿ ಕಾಯ್ದೆ ಬಂದಾಗಿನದು. ಆ ಮಿತಿ ತೆಗೆಯುವ ಮಸೂದೆ 2019ರಲ್ಲಿ ಲೋಕಸಭೆಗೆ ಬಂದಿತ್ತು, ಕಾಯ್ದೆಯಾಗಲಿಲ್ಲ. ಆದೇಶ ಒಪ್ಪಿಗೆಯಾಗದ ಹಿರಿಯರು 60 ದಿನದೊಳಗೆ ಮೇಲ್ಮನವಿ ಹಾಕಬಹುದು, ಅದನ್ನು ಕೇಳುವವರು ಜಿಲ್ಲಾಧಿಕಾರಿ. ಹಿರಿಯರನ್ನು ಬೇಕೆಂದೇ ಬಿಟ್ಟು ಹೋದವರಿಗೆ ಮೂರು ತಿಂಗಳವರೆಗೆ ಜೈಲು, 5,000 ರೂಪಾಯಿವರೆಗೆ ದಂಡ, ಅಥವಾ ಎರಡೂ. ಏನೂ ತೋಚದಿದ್ದರೆ 14567 ಎಂಬ ಹಿರಿಯರ ಸಹಾಯವಾಣಿಗೆ ಫೋನು ಮಾಡಬಹುದು.

ಸಣ್ಣಾಯಿಯಂಥ ಮಕ್ಕಳಿಲ್ಲದವರನ್ನೂ ಕಾಯ್ದೆ ಮರೆತಿಲ್ಲ. ಅವರ ಆಸ್ತಿಯನ್ನು ಅನುಭವಿಸುತ್ತಿರುವ ಇಲ್ಲವೇ ಮುಂದೆ ಪಡೆಯಲಿರುವ ಸಂಬಂಧಿಕರೇ ಅವರನ್ನು ಸಾಕಬೇಕು. ಪತ್ರದಲ್ಲಿ ಷರತ್ತಿಲ್ಲದ ಕಾರಣ ಹೊಲ ಮರಳದಿದ್ದರೂ, ತಿಂಗಳ ಜೀವನಾಂಶವನ್ನಾದರೂ ಅವಳು ಕೇಳಬಹುದಿತ್ತು. ಈ ಮಾತು ನನಗೆ ತಿಳಿದದ್ದು ಅವಳು ಹೋದ ಮೇಲೆ. ಇವತ್ತಿಗೂ ಎದೆಯಲ್ಲಿ ಮುಳ್ಳಾಗಿ ಉಳಿದಿದೆ.

ಕಾಯ್ದೆಯನ್ನು ಇನ್ನೊಬ್ಬ ನಿರ್ಗತಿಕಳ ಮೇಲೆ ತಿರುಗಿಸಬಾರದು ಎಂಬ ಮಾತೂ ಕರ್ನಾಟಕದ ಪ್ರಕರಣವೊಂದರಲ್ಲೇ ಬಂತು. ಬೆಂಗಳೂರಿನ ಮನೆಯಿಂದ ಸೊಸೆಯನ್ನು ಹೊರಹಾಕಲು ಅತ್ತೆಮಾವ ಈ ಕಾಯ್ದೆಯ ಮೊರೆಹೋಗಿದ್ದರು. 2020ರ ಡಿಸೆಂಬರ್ 15ರಂದು ಸುಪ್ರೀಂ ಕೋರ್ಟು, ಕೌಟುಂಬಿಕ ದೌರ್ಜನ್ಯ ತಡೆ ಕಾಯ್ದೆ ಆ ಹೆಣ್ಣಿಗೆ ಕೊಟ್ಟ ವಾಸದ ಹಕ್ಕನ್ನು ಹೀಗೆ ಅಡ್ಡದಾರಿಯಿಂದ ಕಸಿಯಲಾಗದು ಎಂದಿತು. ನ್ಯಾಯಮೂರ್ತಿ ಡಿ.ವೈ. ಚಂದ್ರಚೂಡ್ ಬರೆದ ಆ ತೀರ್ಪು ಎರಡು ಕಾಯ್ದೆಗಳನ್ನೂ ಒಟ್ಟಿಗಿಟ್ಟು ಓದಲು ಹೇಳಿತು. ಹೌದು, ಮುದುಕಿಗೂ ಸೂರು ಬೇಕು, ಸೊಸೆಗೂ ಸೂರು ಬೇಕು.

2025ರ ಮಾರ್ಚಿನಲ್ಲಿ ಇನ್ನೊಂದು ಸುದ್ದಿ ರಾಜ್ಯವನ್ನು ಕಲಕಿತು. ಬೆಳಗಾವಿಯ ವೈದ್ಯಕೀಯ ವಿಜ್ಞಾನಗಳ ಸಂಸ್ಥೆಯೊಂದರಲ್ಲೇ 150ಕ್ಕೂ ಹೆಚ್ಚು ಹಿರಿಯರನ್ನು ಮನೆಯವರು ದಾಖಲು ಮಾಡಿ ಬಿಟ್ಟು ಹೋಗಿದ್ದರು. ವೈದ್ಯಕೀಯ ಶಿಕ್ಷಣ ಸಚಿವ ಶರಣಪ್ರಕಾಶ ಪಾಟೀಲರು, ಇಂಥ ಸಂಗತಿಗಳನ್ನು ಉಪವಿಭಾಗಾಧಿಕಾರಿಗಳಿಗೆ ದೂರು ಕೊಡಿ, ಹಿರಿಯರು ಬರೆದುಕೊಟ್ಟ ಆಸ್ತಿಯನ್ನು ರದ್ದುಪಡಿಸುವ ಅವಕಾಶವಿದೆ ಎಂದು ಸಂಸ್ಥೆಗಳಿಗೆ ಸೂಚಿಸಿದರು. ಆಸ್ಪತ್ರೆಯ ಮಂಚದ ಮೇಲೆ ಬಿಟ್ಟುಹೋದವರಿಗೆ ಗೊತ್ತಿರುವ ಒಂದೇ ವಿಳಾಸ ತಾವು ಬರೆದುಕೊಟ್ಟ ಮನೆಯದು.

ನಾನು ಮರಳಿ ಬಂದಾಗ ಮೂರು ಗಂಟೆ. ಅಪ್ಪ ಮಗ ಇಬ್ಬರೂ ಬೇವಿನ ಗಿಡದ ಕೆಳಗೆ ಬುತ್ತಿ ಬಿಚ್ಚಿ ಊಟ ಮುಗಿಸಿದ್ದರು. ಜೋಳದ ರೊಟ್ಟಿ, ಪುಂಡಿ ಪಲ್ಯ, ಶೇಂಗಾ ಹಿಂಡಿ. ನನಗೂ ಒಂದು ರೊಟ್ಟಿ ಉಳಿಸಿಟ್ಟಿದ್ದರು. ಅವರಿಬ್ಬರ ನಡುವೆ ಏನು ಮಾತಾಯಿತೋ ಕೇಳಲಿಲ್ಲ. ಬಾಂಡ್ ರೈಟರ್ ಪ್ರಿಂಟರಿನಿಂದ ಆಗಷ್ಟೇ ಬಂದ ಬಿಸಿ ಹಾಳೆಯನ್ನು ನನ್ನ ಕಡೆ ಚಾಚಿದರು. ಚಕ್ಕುಬಂದಿಯ ಕೆಳಗೆ ಹೊಸ ಸಾಲುಗಳಿದ್ದವು:

‘ಸದರಿ ದಾನ ಪಡೆದವರು ದಾನ ಕೊಟ್ಟವರಿಗೂ ಅವರ ಹೆಂಡತಿಗೂ ಜೀವ ಇರುವವರೆಗೆ ಊಟ, ಬಟ್ಟೆ, ವಸತಿ ಹಾಗೂ ಔಷಧೋಪಚಾರ ನೋಡಿಕೊಳ್ಳತಕ್ಕದ್ದು. ಇದರಲ್ಲಿ ತಪ್ಪಿದಲ್ಲಿ ಈ ದಾನಪತ್ರವನ್ನು ರದ್ದುಪಡಿಸಿಕೊಳ್ಳುವ ಹಕ್ಕು ದಾನ ಕೊಟ್ಟವರಿಗೆ ಇರುತ್ತದೆ.’

‘ಹೆಂಡತಿಗೂ’ ಎಂಬುದು ಮೊದಲ ಕರಡಿನಲ್ಲಿ ಎಲ್ಲೂ ಇರಲಿಲ್ಲ. ‘ಅದನ್ನ ಹುಡುಗನೇ ಹಾಕ್ಸಿದ’ ಎಂದರು ಬಾಂಡ್ ರೈಟರ್. ‘ಬೋರಮಾಳ ಅವ್ವಂದು, ಅವ್ವನ ಹೆಸರೂ ಬರ್ಲಿ ಅಂದ.’

ಒಳಗೆ ನೋಂದಣಿ ಕೋಣೆಯಲ್ಲಿ ಕ್ಯಾಮೆರಾ, ಬೆರಳಿನ ಯಂತ್ರ. ಮುತ್ಯಾನ ಹೆಸರು ಕೂಗಿದರು. ಫೋಟೊ ಸರಿಯಾಗಿ ಬಂತು. ಹೆಬ್ಬೆಟ್ಟು ಬರಲಿಲ್ಲ. ಗಾಜಿನ ಮೇಲೆ ಇಟ್ಟ ಬೆರಳಿಗೆ ಯಂತ್ರ ಕೆಂಪು ದೀಪ ತೋರಿಸಿತು. ಎರಡನೇ ಸಲವೂ ಕೆಂಪು. ‘ಬೆರಳು ಒರಸ್ರಿ’ ಎಂದರು. ಧೋತ್ರದ ಚುಂಗಿಗೆ ಒರೆಸಿ ಇಟ್ಟ, ಮತ್ತೆ ಕೆಂಪು. ನಾನು ಬಗ್ಗಿ ಆ ಹೆಬ್ಬೆರಳನ್ನು ನೋಡಿದೆ. ಕುಂಟಿ ಹಿಡಿದು, ಕುಡುಗೋಲು ಹಿಡಿದು, ಬಾವಿಯ ಹಗ್ಗ ಎಳೆದು ಎಳೆದು ಗೆರೆಗಳೆಲ್ಲ ಸವೆದು ಹೋಗಿದ್ದವು. ಉಳಿದದ್ದು ಅಡ್ಡಡ್ಡ ಸೀಳಿದ ಎರಡು ಬಿರುಕು, ಬೇಸಿಗೆಯ ಎರೆಹೊಲದಲ್ಲಿ ಬಿಡುವಂಥವು. ಆ ಮೂರು ಎಕರೆ ಇಪ್ಪತ್ತು ಗುಂಟೆ ಅವನ ಬೆರಳಿನ ಗುರುತನ್ನು ಮೊದಲೇ ಇಸಿದುಕೊಂಡಿತ್ತು.

ಮಗ ಮುಂದೆ ಬಂದ. ಅಪ್ಪನ ಹೆಬ್ಬೆರಳನ್ನು ತನ್ನ ಎರಡೂ ಅಂಗೈಯಲ್ಲಿ ಹಿಡಿದು ಬಿಸಿಯಾಗುವಂತೆ ಉಜ್ಜಿದ, ತಾನೇ ಮೆಲ್ಲಗೆ ಗಾಜಿನ ಮೇಲಿಟ್ಟು ಒತ್ತಿದ. ಹಸಿರು ದೀಪ ಹತ್ತಿತು.

ಸಂಜೆಯ ಬಸ್ಸು ಕಿಕ್ಕಿರಿದಿತ್ತು. ಮುತ್ಯಾನಿಗೆ ಯಾರೋ ಎದ್ದು ಜಾಗ ಕೊಟ್ಟರು. ನಾವಿಬ್ಬರೂ ಪಕ್ಕದಲ್ಲಿ ನಿಂತೆವು. ಹೊರಗೆ ಕೆಂಪು ಮಣ್ಣಿನ ಮೇಲೆ ಬಿಸಿಲು ಇಳಿಯುತ್ತಿತ್ತು. ಪಹಣಿಯಲ್ಲಿ ಹೆಸರು ಬದಲಾಗಲು ಇನ್ನೂ ಕೆಲವು ದಿನವಿದೆ ಎಂದು ಮುತ್ಯಾನಿಗೆ ಗೊತ್ತಿತ್ತು. ಆದರೂ ಅವನು ಆಗಲೇ ಹೊಲವಿಲ್ಲದವನ ಹಾಗೆ ಕೈಗಳನ್ನು ತೊಡೆಯ ಮೇಲೆ ಖಾಲಿ ಬಿಟ್ಟು ಕೂತಿದ್ದ. ಚೀಲ ಈಗ ಮಗನ ಕಂಕುಳಲ್ಲಿತ್ತು.

ಪಶುವೈದ್ಯಕೀಯ ಕಾಲೇಜಿನ ಹತ್ತಿರ ಬಂದಾಗ ಮುತ್ಯಾ ನನ್ನ ಅಂಗಿಯ ತುದಿ ಜಗ್ಗಿದ.

‘ತಮ್ಮಾ, ಆ ಸಾಲು ಇನ್ನೊಮ್ಮಿ ಓದು.’

ಮಗನಿಂದ ನಕಲು ಇಸಿದುಕೊಂಡು ಓದಿದೆ. ಮುತ್ಯಾ ಕಣ್ಣು ಮುಚ್ಚಿ ಕೇಳಿದ. ಕಮಠಾಣದ ಕೆರೆಯ ಏರಿ ಕಾಣುವಷ್ಟರಲ್ಲಿ ಮತ್ತೆ ಜಗ್ಗಿದ. ‘ಇನ್ನೊಮ್ಮಿ.’ ಓದಲು ಬಾಯಿ ತೆರೆದೆ. ಅಷ್ಟರಲ್ಲಿ ಮಗ ಕೈ ಚಾಚಿ ಕಾಗದವನ್ನು ತಾನು ತೆಗೆದುಕೊಂಡ. ಬಸ್ಸಿನ ಕುಲುಕಾಟಕ್ಕೆ ಒಂದು ಕೈಯಿಂದ ಸರಳು ಹಿಡಿದು, ಇನ್ನೊಂದು ಕೈಯಲ್ಲಿ ಹಾಳೆಯನ್ನು ಕಿಟಕಿಯ ಬೆಳಕಿಗೆ ಹಿಡಿದು, ಶಾಲೆಯ ಹುಡುಗನ ಹಾಗೆ ಒಂದೊಂದೇ ಅಕ್ಷರ ಕೂಡಿಸುತ್ತ ಓದತೊಡಗಿದ: ‘ಜೀವ ಇರುವವರೆಗೆ... ಊಟ, ಬಟ್ಟೆ, ವಸತಿ...’

ಮುತ್ಯಾ ಈ ಸಲ ಕಣ್ಣು ಮುಚ್ಚಲಿಲ್ಲ. ಓದುವ ಮಗನ ಮುಖವನ್ನೇ ನೋಡುತ್ತಿದ್ದ.